ಹಾರಿಹೋದ ಬೀಸಣಿಗೆ

ಟೋಕಿಯೋ ನಗರದ ಗಿಂಜಾ ಪೇಟೆಯಲ್ಲಿ ಕಬುಕಿಜಾ ನಾಟಕಶಾಲೆಯನ್ನು ನೋಡಿಕೊಂಡು ನಾವು ಕಾಲ್ನಡಿಗೆಯಲ್ಲೇ ಕ್ಯೋಬಾಶಿಗೆ ಹೋದೆವು. ಜಪಾನಿನ ರಾಷ್ಟ್ರೀಯ ಚಲಚ್ಚಿತ್ರ ಭಂಡಾರ ಇರುವುದು ಅಲ್ಲಿ.

ಈ ಎರಡು ಸ್ಥಳಗಳನ್ನು ಬೆಸೆಯುವ ಸಂಗತಿಯೊಂದುಂಟು. 1899ರ ನವೆಂಬರಿನಲ್ಲಿ ಹಳೆಯ ಕಬುಕಿಜಾದ ಹಿಂಬದಿಯ ಬಯಲಿನಲ್ಲಿ ಶಿಬಾಟಾ ತ್ಸುನೆಕಿಚಿ ಎಂಬವರು ‘ಮೊಮಿಜಿಗಾರಿ’ ನಾಟಕದ ತುಣುಕನ್ನು ಚಿತ್ರಿಸಿದರು. ರಾಜಕುಮಾರಿಯ ರೂಪ ತಾಳಿದ ರಾಕ್ಷಸಿಯಾಗಿ ಕುಣಿದವರು ಒಂಬತ್ತನೆಯ ಇಚಿಕಾವಾ ದಾಂಜೂರೋ. ನಮ್ಮ ಹಳೆಯ ಬಯಲಾಟದಂತೆ ಅಲ್ಲಿಯೂ ಸ್ತ್ರೀವೇಷ ಗಂಡಸರದೇ. ಅಂದು ಜೋರು ಗಾಳಿ. ಹಿರಿಯ ನಟರ ಬೀಸಣಿಗೆ ಕೈತಪ್ಪಿ ಹಾರಿಹೋಯಿತು. ಮತ್ತೊಮ್ಮೆ ತೆಗೆಯಲಿಲ್ಲ. ಈ ಯಂತ್ರದಾಟ ಅವರಿಗೆ ಹಿಡಿಸದು. ತಾವು ಬದುಕಿರುವತನಕ ತೋರಿಸಬಾರದೆಂಬ ಕರಾರಿನ ಮೇಲೆ ಒಪ್ಪಿದ್ದರಂತೆ. ಅವರು 1903ರಲ್ಲಿ ತೀರಿಕೊಂಡರು. ಬೇಡವೆಂದ ಆ ಚಿತ್ರವನ್ನೇ 2009ರಲ್ಲಿ ಸರಕಾರ ನಾಡಿನ ಮುಖ್ಯ ಸಾಂಸ್ಕೃತಿಕ ಆಸ್ತಿಯೆಂದು ಸಾರಿತು. ಚಲಚ್ಚಿತ್ರವೊಂದಕ್ಕೆ ಆ ಮರ್ಯಾದೆ ಅಲ್ಲಿ ಅದೇ ಮೊದಲು.

ಜಪಾನಿನ ಮೂಕಿ ಚಿತ್ರ ನಿಜಕ್ಕೂ ಮೂಕವಲ್ಲ. ತೆರೆಯ ಪಕ್ಕ ‘ಬೆನ್ಶಿ’ ನಿಂತು, ಹರಿಕಥೆಯ ದಾಸರ ಹಾಗೆ, ಎಲ್ಲ ಪಾತ್ರಗಳ ಮಾತನ್ನೂ ತಾನೇ ಆಡುತ್ತಿದ್ದ. ಅಂಥ ಚಿತ್ರಗಳಲ್ಲಿ ಉಳಿದವು ಬಹು ಸ್ವಲ್ಪ. ನೈಟ್ರೇಟ್ ಫಿಲಂ ಮೊದಲೇ ಬೆಂಕಿಗೆ ಮೈಯೊಡ್ಡುವ ವಸ್ತು. ಅದರ ಮೇಲೆ 1923ರ ಭೂಕಂಪ, ಬಳಿಕ ಯುದ್ಧದ ಬಾಂಬು. ಕಿನುಗಾಸಾ ತೈನೋಸುಕೆಯವರ 1926ರ ‘ಹುಚ್ಚಿನ ಒಂದು ಪುಟ’ ಕಳೆದೇಹೋಯಿತೆಂದು ಎಲ್ಲರೂ ಕೈಬಿಟ್ಟಿದ್ದರು. 1971ರಲ್ಲಿ ಅದು ಸಿಕ್ಕಿದ್ದು ಅವರದೇ ಉಗ್ರಾಣದಲ್ಲಿ!

ಭಂಡಾರದ ಸುರುಳಿಗಳು ಸಾಗಾಮಿಹಾರಾ ಊರಿನ ತಂಪು ಕೋಣೆಗಳಲ್ಲಿವೆ. ಕ್ಯೋಬಾಶಿಯ ಏಳನೆಯ ಮಹಡಿಯಲ್ಲಿ ಚಿತ್ರ ಚರಿತ್ರೆಯ ಪ್ರದರ್ಶನವಿದೆ. ಅತ್ತ ಹೋಗುವ ನಮ್ಮ ವಾಚಕರು ಗಿಂಜಾದ ಅಂಗಡಿಗಳಿಂದ ಒಂದು ಗಂಟೆ ಉಳಿಸಿಕೊಳ್ಳಿ. ಸೋಮವಾರ ಬೇಡ, ಬಾಗಿಲು ಹಾಕಿರುತ್ತದೆ.