ನೀರಿನ ಠೇವಣಿ

ಮಕ್ಕಳೇ, ಬ್ಯಾಂಕಿನ ಕೌಂಟರಿನಲ್ಲಿ ಕುಳಿತು ಮೂವತ್ತಾರು ವರ್ಷ ಜನರ ಠೇವಣಿಯ ಲೆಕ್ಕ ಬರೆದವನು ನಾನು. ನೀರನ್ನೂ ಠೇವಣಿ ಇಡುತ್ತಾರೆಂದು ತಿಳಿದದ್ದು ಎಪ್ಪತ್ತೆರಡನೇ ವಯಸ್ಸಿನಲ್ಲಿ, ಮಗ ಮತ್ತು ಮೊಮ್ಮಗಳ ಜೊತೆ ಲಡಾಖಿಗೆ ಹೋದಾಗ.

ಲೇಹ್ ಪಟ್ಟಣ ಸುಮಾರು 3,500 ಮೀಟರ್ ಎತ್ತರದಲ್ಲಿದೆ. ನಾಲ್ಕು ಮೆಟ್ಟಿಲು ಹತ್ತಿದರೆ ಏದುಸಿರು. ಎರಡು ದಿನ ಕೋಣೆಯಲ್ಲೇ ಸುಧಾರಿಸಿಕೊಂಡು ಮೂರನೇ ದಿನ ಹತ್ತಿರದ ಹಳ್ಳಿಗೆ ಹೊರಟೆವು. ಏಪ್ರಿಲ್ ಕೊನೆಯ ವಾರ. ಎಲ್ಲೆಲ್ಲೂ ಬೋಳು ಗುಡ್ಡ, ಒಣ ಮಣ್ಣು. ನಡುವೆ ಒಂದು ಬಿಳಿ ಗೋಪುರ!

“ಅಜ್ಜಾ, ಐಸ್‌ಕ್ರೀಂ ಕೋನ್ ಬೋರಲು ಬಿದ್ದಿದೆ!” ಎಂದಳು ಮೊಮ್ಮಗಳು. ಅದೇ ಹಿಮಸ್ತೂಪ.

ನಮ್ಮ ರೈತರು ಮಳೆಗೆ ಕಾದರೆ ಅಲ್ಲಿಯವರು ಬಿಸಿಲಿಗೆ ಕಾಯುತ್ತಾರೆ. ಅಲ್ಲಿ ಮಳೆ ತೀರಾ ಕಡಿಮೆ. ಬಾರ್ಲಿ ಬಿತ್ತನೆಗೆ ಏಪ್ರಿಲ್-ಮೇ ತಿಂಗಳಲ್ಲಿ ನೀರು ಬೇಕು. ಬೆಟ್ಟದ ನೆತ್ತಿಯ ಹಿಮನದಿ ಚೆನ್ನಾಗಿ ಕರಗುವುದು ಜೂನ್ ಬಂದ ಮೇಲೆ. ಚಳಿಗಾಲದ ತೊರೆನೀರು ಮಾತ್ರ ಯಾರಿಗೂ ಬೇಡದೆ ಹರಿದುಹೋಗುತ್ತದೆ.

ಆ ನೀರನ್ನು ನೆರಳಿನ ಕಣಿವೆಗೆ ತಿರುಗಿಸಿ, ಅಡ್ಡಗಟ್ಟೆ ಹಾಕಿ ಹೆಪ್ಪುಗಟ್ಟಿಸಿದವರು ಇಂಜಿನಿಯರ್ ಚೆವಾಂಗ್ ನೊರ್ಫೆಲ್. 2015ರಲ್ಲಿ ಅವರಿಗೆ ಪದ್ಮಶ್ರೀ ಬಂತು. ಸ್ತೂಪದ ಉಪಾಯ ಸೋನಮ್ ವಾಂಗ್ಚುಕ್ ಅವರದು. ಮೊದಲನೆಯದು ಎದ್ದದ್ದು 2013-14ರ ಚಳಿಗಾಲದಲ್ಲಿ.

ನಾನು ಓದಿದ್ದು ಬಿ.ಕಾಂ.; ವಿಜ್ಞಾನವನ್ನು ಮಗ ಬಿಡಿಸಿ ಹೇಳಿದ. ಎತ್ತರದ ತೊರೆಯಿಂದ ಪೈಪಿನಲ್ಲಿ ಇಳಿದ ನೀರು ಹಳ್ಳಿಯ ಬಳಿ ತಾನಾಗಿಯೇ ಕಾರಂಜಿಯಾಗಿ ಚಿಮ್ಮುತ್ತದೆ. ಮೋಟಾರು ಬೇಡ. ರಾತ್ರಿಯ ಕೊರೆಯುವ ಚಳಿಗೆ ಹನಿಗಳು ಬೀಳುತ್ತಲೇ ಗಟ್ಟಿಯಾಗುತ್ತವೆ. ಅಗಲವಾಗಿ ಹರಡಿದ ಮಂಜುಗಡ್ಡೆಗಿಂತ ಗೋಪುರಕ್ಕೆ ಬಿಸಿಲು ತಾಗುವ ಮೈ ಕಡಿಮೆ, ಹಾಗಾಗಿ ನಿಧಾನ ಕರಗುತ್ತದೆ. ಮಂಜುಗಡ್ಡೆಯ ಸ್ವಭಾವವೂ ಅಂಥದ್ದೇ: ಒಂದು ಕಿಲೋ ಮಂಜುಗಡ್ಡೆಯನ್ನು ಬರೀ ಕರಗಿಸಲು ಬೇಕಾದ ಶಾಖದಲ್ಲಿ, ಕರಗಿದ ಆ ನೀರನ್ನು 80 ಡಿಗ್ರಿಯವರೆಗೆ ಕಾಯಿಸಬಹುದು!

“ಹಾಗಾದರೆ ಹಿಮನದಿ ಕರಗಿಹೋದರೂ ಚಿಂತೆಯಿಲ್ಲ ಅಲ್ವಾ?” ಎಂದಳು ಮೊಮ್ಮಗಳು.

ಇದು ನನ್ನ ಪಾಠ. “ಇಲ್ಲ ಪುಟ್ಟಿ. ಸ್ತೂಪ ಹೊಸ ನೀರು ಹುಟ್ಟಿಸುವುದಿಲ್ಲ, ಸಿಗುವ ತಾರೀಖನ್ನಷ್ಟೇ ಬದಲಿಸುತ್ತದೆ. ಅಸಲು ಇರುವುದು ಬೆಟ್ಟದ ಮೇಲೆ. ಭೂಮಿ ಬಿಸಿಯಾಗುತ್ತಾ ಆ ಅಸಲೇ ಕರಗುತ್ತಿದೆ.”

ಕಾಲುವೆಯ ಬಳಿ ನನ್ನ ವಯಸ್ಸಿನ ಅಜ್ಜಿಯೊಬ್ಬರು ಸಲಿಕೆಯಿಂದ ಮಣ್ಣು ಸರಿಸಿ ತಮ್ಮ ಪಾಳಿಯ ನೀರನ್ನು ಗದ್ದೆಗೆ ಬಿಟ್ಟುಕೊಳ್ಳುತ್ತಿದ್ದರು. ಬೆರಳಷ್ಟು ದಪ್ಪದ ಧಾರೆ. ಹೊರಡುವಾಗ ಮೊಮ್ಮಗಳು ತನ್ನ ಬಾಟಲಿಯಲ್ಲಿ ಉಳಿದಿದ್ದ ನೀರನ್ನೂ ಅದೇ ಕಾಲುವೆಗೆ ಸುರಿದಳು. ಅಜ್ಜಿ ನಕ್ಕು “ಜುಲೇ” ಎಂದರು.