ನಾಯಿ ಸಾಯೋ ಸಿನಿಮಾ ಮಕ್ಕಳಿಗೆ ಬೇಕಾ?

‘ಓಲ್ಡ್ ಯೆಲ್ಲರ್’ ನೋಡಿದವರ ಹತ್ರ ಆ ಹೆಸರು ಎತ್ತಿ ನೋಡಿ. ‘ಅಯ್ಯೋ, ಅದು ಮಾತ್ರ ಬೇಡಪ್ಪ’ ಅಂತಾರೆ. 1957ರ ಡಿಸ್ನಿ ಚಿತ್ರ, ನಿರ್ದೇಶಕ ರಾಬರ್ಟ್ ಸ್ಟೀವನ್ಸನ್. ಫ್ರೆಡ್ ಗಿಪ್ಸನ್ ಕಾದಂಬರಿಯನ್ನ ಆಧರಿಸಿದ್ದು.

ಅಕ್ಕನ ಮಗಳು ಮೂರನೇ ಕ್ಲಾಸು. ನಾಯಿ ಸಿನಿಮಾನೇ ಬೇಕು ಅಂತ ಹಟ ಹಿಡಿದಾಗ ನಾನು ಇದನ್ನ ಹಾಕೋಣ ಅಂದೆ. ಅಕ್ಕ ಫೋನಲ್ಲಿ ಹುಡುಕಿ, ‘ಕೊನೇಲಿ ನಾಯಿ ಸಾಯುತ್ತೆ ಕಣೋ, ಬೇಡ’ ಅಂದ್ಲು. ಆದ್ರೂ ಹಾಕಿದ್ವಿ.

ಕಥೆ ನಡೆಯೋದು 1860ರ ದಶಕದ ಕೊನೇಲಿ, ಅಮೆರಿಕದ ಟೆಕ್ಸಾಸ್‌ನಲ್ಲಿ. ಅಪ್ಪ ದನ ಹೊಡ್ಕೊಂಡು ಮಾರೋಕೆ ದೂರದ ಕಾನ್ಸಾಸ್‌ಗೆ ಹೋಗ್ತಾನೆ. ಮನೆ, ಹೊಲ ಎಲ್ಲಾ ದೊಡ್ಡ ಮಗ ಟ್ರಾವಿಸ್ ಮೇಲೆ. ಆಗ ಬರುತ್ತೆ ಈ ಹಳದಿ ಬಣ್ಣದ ಕಳ್ಳ ನಾಯಿ. ಮಾಂಸ ಕದಿಯುತ್ತೆ, ಟ್ರಾವಿಸ್‌ಗೆ ಕಂಡ್ರಾಗಲ್ಲ. ತಮ್ಮ ಆರ್ಲಿಸ್ ಕರಡಿ ಮರಿ ಹಿಡಿದು ತಾಯಿ ಕರಡಿ ನುಗ್ಗಿ ಬಂದಾಗ ಕಾಪಾಡೋದು ಇದೇ ನಾಯಿ. ಮುಂದೆ ಕಾಡುಹಂದಿಗಳಿಂದ ಟ್ರಾವಿಸ್‌ನನ್ನೂ ಉಳಿಸುತ್ತೆ. ನಾಯಿ ಪಾತ್ರ ಮಾಡಿದ್ದು ಸ್ಪೈಕ್ ಅಂತ, ಬೀದಿ ಪ್ರಾಣಿಗಳ ಆಶ್ರಯದಿಂದ ತಂದದ್ದಂತೆ. ಅದರ ನಟನೆ ಮುಂದೆ ಅರ್ಧ ನಟರು ಸಪ್ಪೆ ಅನ್ಸುತ್ತೆ.

ಆಮೇಲೆ ಹುಚ್ಚು ಹಿಡಿದ ತೋಳ ಮನೆಯವರ ಮೇಲೆ ಬೀಳುತ್ತೆ. ನಾಯಿ ಅಡ್ಡ ನಿಂತು ಕಾದಾಡುತ್ತೆ, ಕಚ್ಚಿಸ್ಕೊಳ್ಳುತ್ತೆ. ಅದನ್ನ ಕೂಡಿ ಹಾಕಿ ಕಾಯ್ತಾರೆ. ಕೊನೆಗೊಂದು ದಿನ ಅದು ಹುಡುಗನ ಕಡೆಗೇ ಹಲ್ಲು ಕಿರಿದು ಗುರ್ ಅನ್ನುತ್ತೆ. ತಾಯಿ ಬಂದೂಕಿಗೆ ಕೈ ಹಾಕ್ತಾಳೆ. ನನ್ನ ನಾಯಿ, ನಾನೇ ಮಾಡ್ತೀನಿ ಅಂತಾನೆ ಟ್ರಾವಿಸ್. ಕಾದಂಬರಿಯಲ್ಲಿ ಈ ಕಾಯೋದು ಇಲ್ಲ, ತೋಳದ ಜತೆ ಕಾದಾಟ ಆದ ರಾತ್ರಿಯೇ ಮುಗಿದು ಹೋಗುತ್ತೆ. ನನ್ನ ಮಟ್ಟಿಗೆ ಸಿನಿಮಾ ಮಾಡಿದ ಬದಲಾವಣೆ ಸರಿ. ರೋಗ ಕಣ್ಣಿಗೆ ಕಂಡ್ರೆ ಮಾತ್ರ ಮಗುವಿಗೆ ಅರ್ಥ ಆಗೋದು.

ಪುಟ್ಟಿ ಬಿಕ್ಕಿ ಬಿಕ್ಕಿ ಅತ್ಲು. ಸ್ವಲ್ಪ ಹೊತ್ತಾದ ಮೇಲೆ, ‘ಮಾಮ, ಇಂಜೆಕ್ಷನ್ ಹಾಕ್ಸಬಹುದಿತ್ತಲ್ವಾ?’ ಅಂದ್ಲು. ಇರ್ಲಿಲ್ಲ ಪುಟ್ಟಿ. ಪಾಸ್ಚರ್ ಮೊದಲ ಸಲ ಒಂಬತ್ತು ವರ್ಷದ ಹುಡುಗನಿಗೆ ರೇಬೀಸ್ ಲಸಿಕೆ ಕೊಟ್ಟಿದ್ದು 1885ರಲ್ಲಿ. ಇವತ್ತಿಗೂ ಲಕ್ಷಣ ಕಾಣಿಸ್ಕೊಂಡ ಮೇಲೆ ಉಳಿಯೋದು ಇಲ್ಲ ಅನ್ನೋಷ್ಟು ಅಪರೂಪ. ಕಚ್ಚಿದ ತಕ್ಷಣ ಸೋಪು ಹಾಕಿ ಹದಿನೈದು ನಿಮಿಷ ನೀರಲ್ಲಿ ತೊಳೆದು ಆಸ್ಪತ್ರೆಗೆ ಓಡೋದೇ ದಾರಿ. ಇಷ್ಟನ್ನೂ ಹೇಳಿದೆ. ಅವಳು ಬೀದಿಯ ರಾಣಿ ಬಗ್ಗೆ ಕೇಳಿದ್ಲು. ರಾಣಿಯ ಕಿವಿ ತುದಿ ಕತ್ತರಿಸಿದೆಯಲ್ಲ, ಅದು ಆಪರೇಷನ್ ಮಾಡಿ ಲಸಿಕೆ ಹಾಕಿದ ಗುರುತು ಅಂದೆ. ಸಮಾಧಾನ ಆಯ್ತು.

ಅಕ್ಕ ಅಲ್ಲಿವರೆಗೂ ಸುಮ್ನೆ ಕೂತಿದ್ಲು. ‘ನಮ್ಮ ರಾಜನೂ ಹಿಂಗೇ ಕಣೋ’ ಅಂದ್ಲು.

ತಿಪಟೂರಿನ ಹತ್ರ ಅಜ್ಜನ ಮನೇಲಿದ್ದ ಕಂದು ನಾಯಿ ರಾಜ. ನನಗಾಗ ಏಳು ವರ್ಷ. ತೆಂಗಿನಕಾಯಿ ಲಾರಿ ಹತ್ತಿ ಹೋಗ್ಬಿಡ್ತು ಅಂದಿದ್ರು. ಕಾಲೇಜಿಗೆ ಹೋಗುವಾಗ್ಲೂ ಸಂತೇಲಿ ಕಂದು ನಾಯಿ ಕಂಡ್ರೆ ತಿರುಗಿ ನೋಡ್ತಿದ್ದೆ. ಹನ್ನೆರಡು ವರ್ಷದ ಅಕ್ಕನಿಗೆ ಗೊತ್ತಿತ್ತಂತೆ, ನನಗೆ ಹೇಳಬಾರ್ದು ಅಂತ ಆಣೆ ಹಾಕಿಸಿದ್ರಂತೆ.

ರಾತ್ರಿ ಅಮ್ಮನಿಗೆ ಫೋನ್ ಮಾಡಿದೆ. ‘ಹುಚ್ಚುನಾಯಿ ಕಚ್ಚಿತ್ತು ಮಗಾ. ಪಕ್ಕದೂರಿಂದ ಬಂದೂಕಿನವರನ್ನ ಕರೆಸಿದ್ರು. ನಿಮ್ಮಜ್ಜ ಎರಡು ದಿನ ಊಟ ಮುಟ್ಲಿಲ್ಲ. ನೀನು ದಿನಾ ಜಗುಲಿ ಮೇಲೆ ಕೂತು ಲಾರಿ ಕಾಯ್ತಿದ್ದೆ, ಹೇಳೋಕೆ ಯಾರಿಗೂ ಬಾಯಿ ಬರ್ಲಿಲ್ಲ’ ಅಂದ್ರು.

ಪುಟ್ಟಿಗೆ ಈಗ ರಾಜನನ್ನ ಎಲ್ಲಿ ಹೂತಿದ್ದಾರೆ ಅಂತ ಗೊತ್ತಾಗಬೇಕಂತೆ. ತೋಟದ ಬಾವಿ ಪಕ್ಕದ ಬದುವಿನಲ್ಲಿ ಅಂದ್ರು ಅಮ್ಮ. ದಸರಾ ರಜೆಗೆ ಕರ್ಕೊಂಡು ಹೋಗ್ತಿದೀನಿ.