ಹಾಡಿದವಳೇ ಒಡತಿ

ಏಮಿ ಮಾನ್ ಅನ್ನೋ ಹೆಸರು ನಿಮ್ಮಲ್ಲಿ ಎಷ್ಟು ಜನ ಕೇಳಿದ್ದೀರೋ ಗೊತ್ತಿಲ್ಲ. ನನಗೆ ಆಕೆ ಸಿಕ್ಕಿದ್ದು ಒಂದು ಸಿನಿಮಾದ ಮೂಲಕ. ಪಾಲ್ ಥಾಮಸ್ ಆಂಡರ್ಸನ್ 1999ರಲ್ಲಿ ತೆಗೆದ 'ಮ್ಯಾಗ್ನೋಲಿಯಾ'. ಮೂರು ಗಂಟೆಗೂ ಉದ್ದದ ಸಿನಿಮಾ. ಅದರಲ್ಲಿ ಒಂದು ಕಡೆ, ಬೇರೆ ಬೇರೆ ಜಾಗಗಳಲ್ಲಿ ತಂತಮ್ಮ ಸಂಕಟ ಕಟ್ಟಿಕೊಂಡು ಒಂಟಿಯಾಗಿ ಕೂತ ಪಾತ್ರಗಳೆಲ್ಲ ಒಬ್ಬರಾದ ಮೇಲೊಬ್ಬರು ಒಂದೇ ಹಾಡನ್ನು ಹಾಡುತ್ತಾ ಹೋಗುತ್ತಾರೆ. ನಮ್ಮ ಸಿನಿಮಾಗಳಲ್ಲಿ ಹಾಡು ಬರೋದು ಹೊಸದೇನಲ್ಲ ಬಿಡಿ :) ಆದರೆ ಹಾಲಿವುಡ್ಡಿನಲ್ಲಿ, ಅಷ್ಟು ಭಾರದ ಸಿನಿಮಾದ ನಡುವೆ ಹೀಗೆ ಹಾಡಿಸಲು ಧೈರ್ಯ ಬೇಕು. ಸಿನಿಮಾ ಮುಗಿದ ಮೇಲೂ ಆ ದನಿ ತಲೆಯಲ್ಲೇ ಉಳಿಯಿತು. ಅಳುವ ದನಿಯಲ್ಲ, ಅತ್ತು ಮುಗಿಸಿ ಮುಖ ತೊಳೆದುಕೊಂಡು ಬಂದು ಮಾತಾಡುವವರ ದನಿ.

ಹುಡುಕುತ್ತಾ ಹೋದರೆ ಆ ದನಿಯ ಹಿಂದೆ ದೊಡ್ಡದೊಂದು ಕತೆಯೇ ಇತ್ತು.

1985ರಲ್ಲಿ ಬಾಸ್ಟನ್ನಿನ 'ಟಿಲ್ ಟ್ಯೂಸ್‌ಡೇ' ಎಂಬ ಬ್ಯಾಂಡಿನ 'ವಾಯ್ಸಸ್ ಕ್ಯಾರಿ' ಹಾಡು ಅಮೆರಿಕದ ಬಿಲ್‌ಬೋರ್ಡ್ ಪಟ್ಟಿಯಲ್ಲಿ 8ನೇ ಸ್ಥಾನಕ್ಕೆ ಏರಿತು. ಎಂಟಿವಿಯಲ್ಲಿ ಅದರ ವಿಡಿಯೋ ಮತ್ತೆ ಮತ್ತೆ ಬರುತ್ತಿತ್ತು. ಅದರಲ್ಲಿ ಬಿಳಿಗೂದಲನ್ನು ನೆಟ್ಟಗೆ ನಿಲ್ಲಿಸಿಕೊಂಡು ಹಾಡುವ ಹುಡುಗಿಯೇ ಏಮಿ. ಬ್ಯಾಂಡು ಮೂರು ಆಲ್ಬಮ್ ಮಾಡಿ ಚದುರಿತು. ಹಳೆಯ ಒಪ್ಪಂದದಿಂದ ಬಿಡಿಸಿಕೊಳ್ಳೋದರಲ್ಲೇ ವರ್ಷಗಳು ಹೋದವು. 1993ರಲ್ಲಿ ಮೊದಲ ಸ್ವಂತ ಆಲ್ಬಮ್ 'ವಾಟೆವರ್' ಬಂತು. ಬರುವುದಕ್ಕೂ ಅದನ್ನು ತಂದ ಇಮಾಗೋ ಕಂಪನಿ ಬಾಗಿಲು ಹಾಕುವುದಕ್ಕೂ ಹೆಚ್ಚು ಅಂತರವಿರಲಿಲ್ಲ. ಎರಡನೆಯದು ಗೆಫೆನ್ ಕಂಪನಿಯಿಂದ. ಮೂರನೆಯದು ತಯಾರಾಗುವ ಹೊತ್ತಿಗೆ ದೊಡ್ಡ ಕಂಪನಿಗಳು ಒಂದನ್ನೊಂದು ನುಂಗಿ, ಗೆಫೆನ್ ಹೋಗಿ ಇಂಟರ್‌ಸ್ಕೋಪ್ ಕೈಕೆಳಗೆ ಸೇರಿತ್ತು. ಹೊಸ ಯಜಮಾನರಿಗೆ ಆಲ್ಬಮ್ ಹಿಡಿಸಲಿಲ್ಲ. ರೇಡಿಯೋದಲ್ಲಿ ಓಡುವಂಥ ಒಂದು ಹಿಟ್ ಹಾಡು ಇದರಲ್ಲಿಲ್ಲ ಎಂಬುದು ಅವರ ತಕರಾರು.

ಇಲ್ಲೊಂದು ವಿಷಯ ಹೇಳಿಬಿಡಬೇಕು. ಹಾಡು ಬರೆದವರು, ರಾಗ ಹಾಕಿದವರು, ಹಾಡಿದವರು ಎಲ್ಲ ಒಬ್ಬರೇ ಆಗಿದ್ದರೂ, ಧ್ವನಿಮುದ್ರಣ ಅವರದ್ದಾಗಿರಲೇಬೇಕೆಂದಿಲ್ಲ. ಸ್ಟುಡಿಯೋದಲ್ಲಿ ತಯಾರಾಗುವ ಮೂಲ ಪ್ರತಿಗೆ 'ಮಾಸ್ಟರ್' ಅನ್ನುತ್ತಾರೆ. ಕಂಪನಿ ಮುಂಗಡ ಕೊಡುತ್ತದೆ, ಸ್ಟುಡಿಯೋ ಖರ್ಚು ಹಾಕುತ್ತದೆ. ಆ ಹಣವನ್ನು ಹಾಡುಗಾರರ ಪಾಲಿನ ರಾಯಲ್ಟಿಯಿಂದಲೇ ಮುರಿದುಕೊಳ್ಳುತ್ತದೆ. ಪೂರ್ತಿ ಸಾಲ ತೀರಿದ ಮೇಲೂ ಸಾಮಾನ್ಯವಾಗಿ ಮಾಸ್ಟರ್ ಉಳಿಯೋದು ಕಂಪನಿಯ ಹೆಸರಲ್ಲೇ. ಬಿಡುಗಡೆ ಮಾಡೋದು, ಬಿಡೋದು ಅವರಿಷ್ಟ.

ಇದನ್ನು ಓದಿದಾಗ ನನಗೆ ನೆನಪಾದದ್ದು ನಮ್ಮಜ್ಜ. ಅಜ್ಜ ಗೇಣಿ ಮಾಡಿದವರು. ಬೀಜ ಇವರದು, ಎತ್ತು ಇವರದು, ಬೆವರು ಇವರದು, ಗದ್ದೆ ಮಾತ್ರ ಒಡೆಯರದು. ಎಷ್ಟು ವರ್ಷ ಗೇಣಿ ಅಳೆದು ಕೊಟ್ಟರೂ ಗದ್ದೆಯ ಒಂದು ಅಂಚೂ ಇವರದಾಗುತ್ತಿರಲಿಲ್ಲ. 1974ರ ಭೂಸುಧಾರಣೆ ಬಂದಾಗ ಅಜ್ಜ ಡಿಕ್ಲರೇಶನ್ ಕೊಟ್ಟು, ನ್ಯಾಯಮಂಡಳಿ ಮುಂದೆ ನಿಂತು, ಉಳುತ್ತಿದ್ದ ಗದ್ದೆ ತಮ್ಮ ಹೆಸರಿಗೆ ಮಾಡಿಸಿಕೊಂಡರು. 'ಉಳುವವನೇ ಹೊಲದೊಡೆಯ' ಅನ್ನೋದು ನಮ್ಮನೆಯಲ್ಲಿ ಬರೀ ಘೋಷಣೆ ಅಲ್ಲ, ಪೆಟ್ಟಿಗೆಯೊಳಗೆ ಮಡಿಸಿಟ್ಟ ಕಾಗದ.

ಏಮಿಗೆ ಅಂಥ ಕಾನೂನು ಸಿಗಲಿಲ್ಲ. ಹಾಗಾಗಿ ದುಡ್ಡು ಕೊಟ್ಟು ತನ್ನ ಹಾಡುಗಳನ್ನೇ ತಾನು ಕೊಂಡುಕೊಂಡಳು! ಟಿಲ್ ಟ್ಯೂಸ್‌ಡೇಯಲ್ಲಿ ಡ್ರಮ್ ಬಾರಿಸುತ್ತಿದ್ದ ಮೈಕಲ್ ಹಾಸ್‌ಮನ್ ಈಗ ಮ್ಯಾನೇಜರ್. 'ಸೂಪರ್‌ಈಗೋ' ಅಂತ ಸ್ವಂತ ಕಂಪನಿ ಮಾಡಿ, 2000ದಲ್ಲಿ ಆ ಆಲ್ಬಮ್ಮನ್ನು 'ಬ್ಯಾಚಲರ್ ನಂ. 2' ಎಂದು ತಂದಳು. ಮೊದಲು ತನ್ನ ವೆಬ್‌ಸೈಟಿನಲ್ಲಿ ಮಾರಾಟ, ಆಮೇಲೆ ಅಂಗಡಿಗಳಿಗೆ. ಹಿಟ್ ಇಲ್ಲ ಅಂತ ಕಂಪನಿ ಬೇಡವೆಂದಿದ್ದ ಆಲ್ಬಮ್ಮಿನ ಕೆಲವು ಹಾಡುಗಳು ಅಷ್ಟರಲ್ಲಿ 'ಮ್ಯಾಗ್ನೋಲಿಯಾ'ದಲ್ಲೂ ಬಂದಿದ್ದವು. ಅದೇ ಸಿನಿಮಾದ 'ಸೇವ್ ಮಿ' ಹಾಡಿಗೆ ಆಸ್ಕರ್ ನಾಮನಿರ್ದೇಶನ ಬಂತು. ಬಹುಮಾನ 'ಟಾರ್ಜನ್' ಸಿನಿಮಾದ ಹಾಡಿಗಾಗಿ ಫಿಲ್ ಕಾಲಿನ್ಸ್ ಪಾಲಾಯಿತು, ಅದು ಬೇರೆ ಮಾತು.

ಇಲ್ಲಿಗೆ ಕತೆ ಮುಗಿಸಿದರೆ ಸಿನಿಮಾ ಥರ ಚೆನ್ನಾಗಿರುತ್ತೆ. ಆದರೆ ನನಗೆ ಮುಖ್ಯ ಅನ್ನಿಸೋದು ಆಮೇಲಿನದ್ದು. 1985ರ ಆ 8ನೇ ಸ್ಥಾನದ ಹತ್ತಿರಕ್ಕೂ ಏಮಿಯ ಯಾವ ಹಾಡೂ ಮತ್ತೆ ಹೋಗಲಿಲ್ಲ. ಸ್ವತಂತ್ರಳಾದ ಕೂಡಲೇ ಆಕೆ ದೊಡ್ಡ ಸ್ಟಾರ್ ಆಗಲಿಲ್ಲ. ಆದದ್ದಿಷ್ಟೇ, ಯಾರ ಅಪ್ಪಣೆಗೂ ಕಾಯದೆ ಕೆಲಸ ಮಾಡುತ್ತಾ ಹೋದಳು. 2005ರಲ್ಲಿ ಚಟಕ್ಕೆ ಬಿದ್ದ ಒಬ್ಬ ಬಾಕ್ಸರ್ ಮತ್ತು ಅವನ ಪ್ರೇಯಸಿಯ ಬಗ್ಗೆ ಇಡೀ ಆಲ್ಬಮ್ಮನ್ನೇ ಒಂದು ಕಾದಂಬರಿಯ ಹಾಗೆ ಮಾಡಿದಳು. ಮರುವರ್ಷ ಕ್ರಿಸ್‌ಮಸ್ ಹಾಡುಗಳು. 2017ರಲ್ಲಿ 'ಮೆಂಟಲ್ ಇಲ್‌ನೆಸ್' ಎಂಬ ಹೆಸರಿನ, ಮೆಲುದನಿಯ, ದುಃಖದ ಆಲ್ಬಮ್. ಹಿಟ್ ಹಾಡು ಎಲ್ಲಿ ಅಂತ ಕೇಳುವ ಯಾವ ಯಜಮಾನ ಈ ಹೆಸರನ್ನು ಒಪ್ಪುತ್ತಿದ್ದ ಹೇಳಿ? ಅದಕ್ಕೇ 2018ರಲ್ಲಿ ಗ್ರ್ಯಾಮಿ ಬಂತು. ಆಗ ಆಕೆಗೆ 57 ವರ್ಷ.

ಕಳೆದ ತಿಂಗಳು ನನ್ನ ಚಿಕ್ಕಮ್ಮನ ಮಗ ಫೋನ್ ಮಾಡಿದ್ದ. ತಾನೇ ಬರೆದು, ಗಿಟಾರ್ ಹಿಡಿದು ಹಾಡುವ ಹುಡುಗ. ಒಂದು ಆಡಿಯೋ ಕಂಪನಿಯವರು ಒಪ್ಪಂದ ಕಳಿಸಿದ್ದಾರೆ, ಅಣ್ಣಾ ನೀನೊಮ್ಮೆ ಓದು ಅಂದ. ಓದಿದೆ. ಹಾಡು, ರಾಗ, ಮುದ್ರಣ ಎಲ್ಲದರ ಹಕ್ಕೂ ಶಾಶ್ವತವಾಗಿ, ಇಡೀ ವಿಶ್ವದಾದ್ಯಂತ ಕಂಪನಿಗೆ ಎಂದಿತ್ತು. ಮಂಗಳ ಗ್ರಹಕ್ಕೆ ಹೋಗಿ ಹಾಡಿದರೂ ಇವನದ್ದಲ್ಲ!

ಸಹಿ ಮಾಡಬೇಡ ಅಂತ ಹೇಳಿಬಿಡೋದು ಸುಲಭ. ಆದರೆ ಏಮಿ ಹೊರಗೆ ಬರುವಾಗ ಆಕೆಯ ಹೆಸರು ಬಲ್ಲ ಸಾವಿರಾರು ಜನ ಇದ್ದರು, ಆ ಹೆಸರು ಕೊಟ್ಟಿದ್ದೂ ದೊಡ್ಡ ಕಂಪನಿಯೇ. ನಮ್ಮ ಹುಡುಗನಿಗೆ ಯಾರಿದ್ದಾರೆ? ಇವತ್ತು ಯಾರು ಬೇಕಾದರೂ ರಾತ್ರಿ ಹಾಡು ಮುಗಿಸಿ ಬೆಳಗ್ಗೆ ಇಂಟರ್ನೆಟ್ಟಿಗೆ ಹಾಕಬಹುದು ನಿಜ. ಆದರೆ ಕೇಳುವ ಕಿವಿ ತಾನಾಗಿ ಬರೋದಿಲ್ಲ, ಬಂದರೂ ಒಂದು ಸಲ ಕೇಳಿದ್ದಕ್ಕೆ ಸಿಗೋದು ಚಿಲ್ಲರೆಗಿಂತ ಕಡಿಮೆ. ಅದಕ್ಕೇ ಮೂರು ಪ್ರಶ್ನೆ ಬರೆದುಕೊಟ್ಟೆ. ಮಾಸ್ಟರ್ ಯಾರದು? ಎಷ್ಟು ವರ್ಷಕ್ಕೆ ನನಗೆ ವಾಪಸ್? ಒಂದು ವರ್ಷದೊಳಗೆ ನೀವು ಬಿಡುಗಡೆ ಮಾಡದಿದ್ದರೆ ಹಾಡು ನನ್ನ ಕೈಗೆ ಬರುತ್ತಾ?

ಮೂರನೆಯದಕ್ಕೆ ಅವನು ನಕ್ಕ. 'ಬಿಡುಗಡೆ ಮಾಡದೇ ಇರೋಕೆ ಯಾರಾದ್ರೂ ದುಡ್ಡು ಹಾಕಿ ಹಾಡಿಸ್ತಾರಾ ಅಣ್ಣಾ?'

ಆಗ ಅವನಿಗೆ ಏಮಿಯ ಕತೆ ಹೇಳಿದೆ. ಸ್ವಲ್ಪ ಹೊತ್ತು ಸುಮ್ಮನಿದ್ದ. ಆಮೇಲೆ 'ಸರಿ, ಕೇಳ್ತೀನಿ' ಅಂದ. ಕಂಪನಿಯವರಿಂದ ಇನ್ನೂ ಉತ್ತರ ಬಂದಿಲ್ಲ. ಅವನು ಇನ್ನೂ ಸಹಿ ಮಾಡಿಲ್ಲ.

ನಿಮ್ಮ ಮನೆಯ ಹುಡುಗನೋ ಹುಡುಗಿಯೋ ಇಂಥ ಕಾಗದ ತಂದರೆ ನೀವೇನು ಹೇಳ್ತೀರಿ?